ಮಾವನ ಪ್ಲೇಸ್ಟೇಷನ್ನಿನಿಂದ 512 ಕೆಬಿ ಹೊರತೆಗೆದದ್ದು

ಪೆಟ್ಟಿಗೆ ಅಟ್ಟದಿಂದ ಇಳಿದದ್ದು ಆಟಿ ತಿಂಗಳಿನಲ್ಲಿ. ಅಡಿಕೆಗೆ ಮೊದಲ ಸಲದ ಮದ್ದು ಬಿಟ್ಟಾಗಿತ್ತು, ಎರಡನೆಯ ಸಲಕ್ಕೆ ಮಳೆ ಬಿಡುವು ಕೊಡುತ್ತಿರಲಿಲ್ಲ. ಕಾಸರಗೋಡಿನ ಬದಿಯಡ್ಕದ ನಮ್ಮ ಕಡೆ ಮಳೆಗಾಲದ ಮಧ್ಯಾಹ್ನಕ್ಕೆ ಎರಡೇ ಕೆಲಸ: ಹಲಸಿನ ಹಪ್ಪಳ ಸುಟ್ಟು ತಿನ್ನುವುದು, ಇಲ್ಲವೇ ಹಳೆಯದೇನನ್ನಾದರೂ ಬಿಚ್ಚುವುದು. ಹಪ್ಪಳ ಮುಗಿದಿತ್ತು.

ಪೆಟ್ಟಿಗೆಯೊಳಗೆ ಇದ್ದದ್ದು ಸೋದರಮಾವ 1999ರಲ್ಲಿ ಶಾರ್ಜಾದಿಂದ ತಂದ ಸೋನಿ ಪ್ಲೇಸ್ಟೇಷನ್, ಟಿವಿಗೆ ಜೋಡಿಸಿ ವಿಡಿಯೋ ಆಟ ಆಡುವ ಯಂತ್ರ. ತಳದ ಚೀಟಿಯಲ್ಲಿ ಎಸ್‌ಸಿಪಿಎಚ್-7502 ಎಂಬ ಮಾದರಿ ಸಂಖ್ಯೆ. ಕೊನೆಯ 2 ಎಂದರೆ ಯುರೋಪಿನ ಪಾಲ್ ಮಾದರಿ. ಜಪಾನಿನದು 0ಯಲ್ಲಿ, ಅಮೆರಿಕದ್ದು 1ರಲ್ಲಿ ಮುಗಿಯುತ್ತದೆ. ನಮ್ಮ ಟಿವಿಗಳೂ ಪಾಲ್ ಪದ್ಧತಿಯವೇ ಆದ್ದರಿಂದ ಮಾವನಿಗೆ ಆಗ ಏನೂ ತೊಂದರೆಯಾಗಿರಲಿಲ್ಲ. ಕರೆಂಟಿನ ಕೇಬಲ್ ಕಳೆದುಹೋಗಿತ್ತು. ಹಳೆಯ ಟೇಪ್‌ರೆಕಾರ್ಡರಿನ 8ರ ಆಕಾರದ ಕೇಬಲ್ ಸರಿಯಾಗಿ ಕೂತಿತು.

ಸ್ವಿಚ್ ಒತ್ತಿದಾಗ ಬಿಳಿ ಪರದೆ, ಕಿತ್ತಳೆ ಬಣ್ಣದ ಗುರುತು, ಆ ಆಳದ ಸದ್ದು ಎಲ್ಲವೂ ಬಂದವು. ಡಿಸ್ಕ್ ಹಾಕಿದರೆ ಮಾತ್ರ ಒಳಗೆ ಟಕ್ ಟಕ್ ಎಂದು ತಡಕಾಡಿ ಸುಮ್ಮನಾಯಿತು. ಲೆನ್ಸ್ ಒರೆಸಿದೆ, ಹಳಿಗೆ ಗ್ರೀಸ್ ಹಚ್ಚಿದೆ, ಪ್ರಯೋಜನವಾಗಲಿಲ್ಲ. ಲೇಸರ್ ಸೋತಿತ್ತು. ಆದರೆ ಮದರ್‌ಬೋರ್ಡಿಗೆ ಜೀವವಿತ್ತು. ಮುಂದಿನ ಇಡೀ ಕೆಲಸ ನಿಂತದ್ದು ಈ ಒಂದು ಸಂಗತಿಯ ಮೇಲೆ.

ಮಾವನಿಗೆ ಫೋನ್ ಮಾಡಿದೆ. "ಮಾವ, ನಿಮ್ಮ ಪ್ಲೇಸ್ಟೇಷನ್ ಬಿಚ್ಚಲೇ?"

"ಬಿಚ್ಚು. ಆದರೆ ಆ ಮೆಮೊರಿ ಕಾರ್ಡಿನಲ್ಲಿ ಇರುವುದನ್ನು ಅಳಿಸಬೇಡ ಮಾರಾಯ. ನನ್ನ ಎರಡು ವರ್ಷದ ಶುಕ್ರವಾರಗಳು ಅದರಲ್ಲಿವೆ."

ಗಲ್ಫಿನ ರಜೆಯ ದಿನಗಳಲ್ಲಿ ಆಡಿದ ಆಟಗಳನ್ನು ಉಳಿಸಿಟ್ಟ ಕಾರ್ಡ್ ಅದು. ನನ್ನ ಉದ್ದೇಶ ಸರಳವಾಗಿತ್ತು. ಮಾವನ ಬಳಿ ಇರುವ ಎರಡು ಅಸಲಿ ಡಿಸ್ಕ್‌ಗಳನ್ನು, ತಳ ಕಪ್ಪಗಿರುವಂಥವುಗಳನ್ನು, ನನ್ನ ಹಳೆಯ ಲ್ಯಾಪ್‌ಟಾಪಿನ ಎಮ್ಯುಲೇಟರಿನಲ್ಲಿ, ಅಂದರೆ ಪ್ಲೇಸ್ಟೇಷನ್ನಿನಂತೆ ನಟಿಸುವ ತಂತ್ರಾಂಶದಲ್ಲಿ, ಓಡಿಸಬೇಕು. ಲಿನಕ್ಸ್ ಅದಾಗಲೇ ಇತ್ತು. ಹಲವು ಎಮ್ಯುಲೇಟರುಗಳಿಗೆ ಮನೆಯಾದ ರೆಟ್ರೋಆರ್ಚ್ ಹಾಕಿಕೊಂಡು, ಅದರೊಳಗೆ ಬೀಟಲ್ ಪಿಎಸ್‌ಎಕ್ಸ್ ಎಂಬ ಕೋರ್ (ಅಲ್ಲಿ ಒಂದೊಂದು ಎಮ್ಯುಲೇಟರಿಗೂ ಇರುವ ಹೆಸರು) ಇಳಿಸಿಕೊಂಡೆ. ತೆರೆದ ಕೂಡಲೇ ಅದು ಕೇಳಿದ್ದು ಬಯೋಸ್ ಕಡತ ಎಲ್ಲಿ ಎಂದು.

ಬಯೋಸ್ ಅಂದರೆ ಪ್ಲೇಸ್ಟೇಷನ್ನಿನ ಬೋರ್ಡಿನಲ್ಲಿರುವ ಒಂದು ಚಿಪ್ಪಿನೊಳಗಿನ 512 ಕೆಬಿ ತಂತ್ರಾಂಶ. ಕರೆಂಟು ಕೊಟ್ಟ ಕೂಡಲೇ ಪ್ರೊಸೆಸರ್ ಮೊದಲು ಓದುವುದು ಅದನ್ನೇ. ಆರಂಭದ ಸದ್ದು ಅದರೊಳಗಿದೆ. ಡಿಸ್ಕ್ ಇಲ್ಲದಿದ್ದಾಗ ಕಾಣುವ ಮೆಮೊರಿ ಕಾರ್ಡ್ ಮತ್ತು ಸಿಡಿ ಪ್ಲೇಯರ್ ಪುಟಗಳು ಅದರೊಳಗಿವೆ. ಅದಕ್ಕಿಂತ ಮುಖ್ಯವಾಗಿ, ಆಟಗಳು ಕಾರ್ಡಿಗೆ ಬರೆಯಲು, ಡಿಸ್ಕಿನಿಂದ ಕಡತ ತೆರೆಯಲು ಕರೆಯುವ ನೂರಾರು ಸಣ್ಣ ಸಣ್ಣ ಕ್ರಿಯೆಗಳೂ ಅಲ್ಲೇ ಇವೆ. ಇಡೀ ಯಂತ್ರದ ಮುಖ್ಯ ರ‍್ಯಾಮ್ 2 ಎಂಬಿ. ಅದರ ಮೊದಲ 64 ಕೆಬಿಯನ್ನು ಬಯೋಸ್ ತನಗೇ ಇಟ್ಟುಕೊಂಡು ಉಳಿದದ್ದನ್ನು ಆಟಕ್ಕೆ ಬಿಡುತ್ತದೆ.

ಬಯೋಸ್ ಇಲ್ಲದೆಯೂ ಓಡುವ ಎಮ್ಯುಲೇಟರ್‌ಗಳಿವೆ. ಪಿಸಿಎಸ್‌ಎಕ್ಸ್ ರಿಆರ್ಮ್ಡ್ ಎಂಬ ಕೋರಿನಲ್ಲಿ ಆ ಕ್ರಿಯೆಗಳನ್ನು ಅನುಕರಿಸುವ ಬದಲಿ ಸಂಹಿತೆ (ಕೋಡ್) ಒಳಗೇ ಇದೆ. ಅನೇಕ ಆಟಗಳಿಗೆ ಅದು ಸಾಕು. ಕೆಲವು ಆಟಗಳು ಅದರ ಮೇಲೆ ತಡವರಿಸುತ್ತವೆ. ನನಗೆ ಬೇಕಾಗಿದ್ದದ್ದು ಮಾವ ಕೂಡಿಟ್ಟ ಶುಕ್ರವಾರಗಳು ಸರಿಯಾಗಿ ತೆರೆದುಕೊಳ್ಳುವುದು. ಆದ್ದರಿಂದ ಬದಲಿಯ ಗೊಡವೆಗೆ ಹೋಗಲಿಲ್ಲ.

ಪೆನ್‌ಡ್ರೈವಿನಲ್ಲಿ ಬಂದ ಸುಳ್ಳು

ಮೊದಲು ನಾನು ಮಾಡಿದ್ದು ಎಲ್ಲರೂ ಮಾಡುವುದನ್ನೇ. ಕುಂಬಳೆಯ ಸ್ನೇಹಿತನೊಬ್ಬನ ಪೆನ್‌ಡ್ರೈವಿನಲ್ಲಿ ಎಲ್ಲಿಂದಲೋ ಇಳಿಸಿಕೊಂಡ ಬಯೋಸ್ ಕಡತಗಳ ಒಂದು ಮೂಟೆ ಇತ್ತು. ತಂದು ಹಾಕಿದೆ. ರೆಟ್ರೋಆರ್ಚಿನ ಕೋರ್ ಮಾಹಿತಿ ಪುಟದಲ್ಲಿ ಬಯೋಸಿನಂಥ ಯಾವ ಫರ್ಮ್‌ವೇರ್ ಇದೆ, ಯಾವುದು ಇಲ್ಲ ಎಂಬ ಪಟ್ಟಿ ಬರುತ್ತದೆ. ಬೀಟಲ್ ಕೇಳುವುದು ಮೂರು ಮಾದರಿಗಳ ಬಯೋಸನ್ನು: ಜಪಾನಿಗೆ 5500, ಅಮೆರಿಕಕ್ಕೆ 5501, ಯುರೋಪಿಗೆ 5502. ಮೂರರ ಎದುರಿಗೂ "ಇಲ್ಲ" ಎಂದೇ ಇತ್ತು.

ಒಂದು ಸಂಜೆ ಪೂರ್ತಿ ಇದಕ್ಕೆ ಹೋಯಿತು. ಮೊದಲ ಕಾರಣ ಫೋಲ್ಡರ್. ನಾನು ಕಡತಗಳನ್ನು ಇಟ್ಟದ್ದು ಹೋಮ್ ಡೈರೆಕ್ಟರಿಯ ಕಾನ್ಫಿಗ್ ಒಳಗಿನ ರೆಟ್ರೋಆರ್ಚ್ ಒಳಗಿನ ಸಿಸ್ಟಮ್ ಫೋಲ್ಡರಿನಲ್ಲಿ, ಎಲ್ಲ ಮಾರ್ಗದರ್ಶಿಗಳೂ ಹೇಳುವ ಹಾಗೆ. ಆದರೆ ನಾನು ಹಾಕಿಕೊಂಡದ್ದು ಫ್ಲ್ಯಾಟ್‌ಪ್ಯಾಕ್ ರೂಪದ (ಲಿನಕ್ಸಿನಲ್ಲಿ ತಂತ್ರಾಂಶವನ್ನು ಪ್ರತ್ಯೇಕವಾಗಿ ಕಟ್ಟಿ ಕೊಡುವ ಬಗೆ) ರೆಟ್ರೋಆರ್ಚ್. ಅದು ತನ್ನ ಸಂಸಾರವನ್ನೆಲ್ಲ ಬೇರೆಯೇ ಕಡೆ ಹೂಡುತ್ತದೆ: ಹೋಮಿನಲ್ಲಿ ಚುಕ್ಕೆಯಿಂದ ಆರಂಭವಾಗುವ ಅಡಗಿದ ವಾರ್ ಫೋಲ್ಡರಿನೊಳಗೆ, ಆಪ್ ಎಂಬುದರ ಅಡಿಯಲ್ಲಿ. ಊಹಿಸುವುದಕ್ಕಿಂತ ಸೆಟ್ಟಿಂಗ್ಸಿನಲ್ಲಿ ಡೈರೆಕ್ಟರಿ ಪುಟ ತೆರೆದು ಸಿಸ್ಟಮ್ ಅಥವಾ ಬಯೋಸ್ ಎಂಬ ಸಾಲಿನ ಎದುರು ಯಾವ ದಾರಿ ಬರೆದಿದೆ ಎಂದು ಓದುವುದು ವಾಸಿ. ನಾನು ಅದನ್ನು ಕೊನೆಗೆ ಮಾಡಿದೆ, ಮೊದಲೇ ಮಾಡಬೇಕಿತ್ತು.

ಎರಡನೆಯ ಕಾರಣ ಹೆಸರು. ಮೂಟೆಯ ಕಡತಗಳ ಹೆಸರು ದೊಡ್ಡ ಅಕ್ಷರಗಳಲ್ಲಿತ್ತು. ಕೋರ್ ಹುಡುಕುವುದು ಇಂಗ್ಲಿಷಿನ ಸಣ್ಣ ಅಕ್ಷರಗಳಲ್ಲಿ, ಅಡ್ಡಗೆರೆಯಿಲ್ಲದೆ, ಎಸ್‌ಸಿಪಿಎಚ್ ಮತ್ತು 5502 ಒಟ್ಟಿಗೆ ಅಂಟಿಕೊಂಡು, ಕೊನೆಗೆ ಚುಕ್ಕೆ ಬಿನ್ ಎಂದಿರುವ ಹೆಸರನ್ನು. ವಿಂಡೋಸಿನಲ್ಲಿ ಇದು ನಡೆದುಹೋಗುತ್ತದೆ. ಲಿನಕ್ಸಿಗೆ ದೊಡ್ಡ ಎಸ್ ಬೇರೆ, ಸಣ್ಣ ಎಸ್ ಬೇರೆ. ಅಕ್ಷರಗಳಲ್ಲಿ ದೊಡ್ಡದು ಸಣ್ಣದು ಎಂಬ ಭೇದವೇ ಇಲ್ಲದ ಲಿಪಿಯಲ್ಲಿ ಬರೆದು ಬೆಳೆದವರಿಗೆ ಈ ಮಡಿ ಅರ್ಥವಾಗುವುದು ಕಷ್ಟ. ಒಂದು ಕಡತದ ಕೊನೆಗೆ ಬಿನ್ ಎರಡು ಸಲ ಇತ್ತು. ವಿಂಡೋಸ್ ಬಾಲವನ್ನು ಅಡಗಿಸಿ ತೋರಿಸುವುದರಿಂದ ಯಾರೋ ಇನ್ನೊಂದು ಬಾಲ ಅಂಟಿಸಿದ್ದರು.

ಸರಿಪಡಿಸಿದ ಮೇಲೆ ಪಟ್ಟಿಯಲ್ಲಿ "ಇದೆ" ಎಂದು ಬಂತು. ಕೆಲಸ ಮುಗಿಯಿತು ಎಂದುಕೊಂಡೆ. ಅಭ್ಯಾಸಬಲದಿಂದ ಲಾಗ್, ಅಂದರೆ ತಂತ್ರಾಂಶ ಬರೆದಿಡುವ ದಿನಚರಿ, ತೆರೆದು ನೋಡಿದರೆ, ಯುರೋಪಿನ ಬಯೋಸಿನ ಬೈಟುಗಳಿಂದ ಲೆಕ್ಕ ಹಾಕಿದ ಗುರುತಿನ ಸಂಖ್ಯೆ, ಅಂದರೆ ಚೆಕ್‌ಸಮ್ ಹೊಂದುತ್ತಿಲ್ಲ ಎಂಬ ಎಚ್ಚರಿಕೆ.

ಇಲ್ಲಿ ಒಂದು ಮಾತು ಹೇಳಬೇಕು. ಆ ಪುಟದಲ್ಲಿ "ಇದೆ" ಎಂದು ಬಂದರೆ ಆ ಹೆಸರಿನ ಕಡತ ಅಲ್ಲಿದೆ ಎಂದಷ್ಟೇ ಅರ್ಥ. ಒಳಗೆ ಏನಿದೆ ಎಂದು ಅದು ಹೇಳುವುದಿಲ್ಲ. ಖಾಲಿ ಡಬ್ಬಕ್ಕೆ ಬೆಲ್ಲ ಎಂದು ಚೀಟಿ ಅಂಟಿಸಿದರೂ ಅದು ಬೆಲ್ಲ ಇದೆ ಎನ್ನುತ್ತದೆ. ಒಳಗೆ ನೋಡಲು ಮೂರು ಪರೀಕ್ಷೆಗಳಿವೆ, ಮೂರೂ ಆಜ್ಞೆಗಳನ್ನು ಟೈಪ್ ಮಾಡುವ ಟರ್ಮಿನಲಿನಲ್ಲಿ ಒಂದೊಂದು ಸಾಲಿನ ಕೆಲಸ. ಮೊದಲನೆಯದು ಗಾತ್ರ: ಸರಿಯಾಗಿ 5,24,288 ಬೈಟ್, ಒಂದು ಹೆಚ್ಚೂ ಇಲ್ಲ ಕಡಿಮೆಯೂ ಇಲ್ಲ. ಎರಡನೆಯದು ಎಂಡಿ5, ಮೇಲೆ ಹೇಳಿದಂಥದ್ದೇ ಒಂದು ಗುರುತಿನ ಸಂಖ್ಯೆ. ಮೂರನೆಯದು ನನಗೆ ಎಲ್ಲಕ್ಕಿಂತ ಇಷ್ಟ: ಸ್ಟ್ರಿಂಗ್ಸ್ ಎಂಬ ಆಜ್ಞೆ ಕೊಟ್ಟರೆ ಕಡತದೊಳಗೆ ಓದಲು ಬರುವ ಪದಗಳನ್ನೆಲ್ಲ ಹೆಕ್ಕಿ ತೋರಿಸುತ್ತದೆ. ಬಯೋಸಿನ ಒಳಗೆ ಸಿಸ್ಟಮ್ ರೋಮ್ ವರ್ಷನ್ ಎಂಬ ಸಾಲು, ಆವೃತ್ತಿ, ದಿನಾಂಕ, ಕೊನೆಗೆ ಒಂದೇ ಒಂದು ಅಕ್ಷರ ಇರುತ್ತದೆ. ಜಪಾನಿಗೆ ಜೆ, ಅಮೆರಿಕಕ್ಕೆ ಎ, ಯುರೋಪಿಗೆ ಇ.

ಪೆನ್‌ಡ್ರೈವಿನಲ್ಲಿ ಬಂದ 5502ರ ಒಳಗೆ 3.0, 11/18/96, ಎ ಎಂದಿತ್ತು. ಎಂಡಿ5 490ರಿಂದ ಆರಂಭವಾಗಿ 246ರಲ್ಲಿ ಮುಗಿಯುತ್ತಿತ್ತು. ಅದು ಅಮೆರಿಕದ 5501. ಪಟ್ಟಿಯಲ್ಲಿ ಮೂರೂ ತುಂಬಲಿ ಎಂದು ಯಾರೋ ಅದನ್ನೇ ನಕಲು ಮಾಡಿ ಹೆಸರು ಬದಲಿಸಿದ್ದರು.

ನನಗೆ ಸಿಟ್ಟು ಬಂತು, ಸ್ವಲ್ಪ ನನ್ನ ಮೇಲೆಯೇ. ಅಸಲಿ ಬಯೋಸ್ ಎದುರಿಗಿನ ಮೇಜಿನ ಮೇಲೆ, ಬೂದು ಪೆಟ್ಟಿಗೆಯೊಳಗೆ, ಸದ್ದು ಮಾಡುತ್ತಾ ಇತ್ತು. ಕಾನೂನಿನ ದೃಷ್ಟಿಯಿಂದಲೂ ದಾರಿ ಅದೇ. ಎಮ್ಯುಲೇಟರ್ ಮಾಡುವುದು ತಪ್ಪಲ್ಲ: ಸೋನಿ ಮತ್ತು ಕನೆಕ್ಟಿಕ್ಸ್ ನಡುವಿನ ಮೊಕದ್ದಮೆಯಲ್ಲಿ, ಬಯೋಸ್ ಹೇಗೆ ಕೆಲಸ ಮಾಡುತ್ತದೆ ಎಂದು ಬಿಡಿಸಿ ನೋಡಿ ತಮ್ಮದೇ ಎಮ್ಯುಲೇಟರ್ ಬರೆಯುವುದು ನ್ಯಾಯಯುತ ಬಳಕೆ ಎಂದು ಅಮೆರಿಕದ ಮೇಲ್ಮನವಿ ನ್ಯಾಯಾಲಯ 2000ದಲ್ಲಿ ಹೇಳಿತು. ಬಯೋಸ್ ಮಾತ್ರ ಸೋನಿಯ ಕೃತಿಸ್ವಾಮ್ಯದ್ದು. ಆದ್ದರಿಂದ ಎಮ್ಯುಲೇಟರ್‌ಗಳು ಅದನ್ನು ಜೊತೆಗೆ ಕೊಡುವುದಿಲ್ಲ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೆಯ ಸೆಕ್ಷನ್, ಕಂಪ್ಯೂಟರ್ ತಂತ್ರಾಂಶವನ್ನು ನ್ಯಾಯವಾಗಿ ಹೊಂದಿರುವವರು ನಷ್ಟವಾಗದಂತೆ ರಕ್ಷಣಾ ಪ್ರತಿ ಮಾಡಿಕೊಳ್ಳಲು ಅವಕಾಶ ಕೊಡುತ್ತದೆ. ಮಾವನ ಯಂತ್ರ, ಮಾವನ ಒಪ್ಪಿಗೆ. ಪೆನ್‌ಡ್ರೈವಿನ ಮೂಟೆಯನ್ನು ಅಳಿಸಿದೆ.

ಒಂದೇ ಕಾರ್ಡ್

ಬಯೋಸ್ ತೆಗೆಯಲು ಚಿಪ್ಪನ್ನೇ ಬೋರ್ಡಿನಿಂದ ಕಿತ್ತು ಓದುವ ದಾರಿಯೂ ಇದೆ. ಅಷ್ಟು ಧೈರ್ಯ ನನಗಿಲ್ಲ. ಇನ್ನೊಂದು ದಾರಿಯಲ್ಲಿ ಯಂತ್ರವೇ ತನ್ನ ಬಯೋಸನ್ನು ಓದಿ ಹೊರಗೆ ಹೇಳುತ್ತದೆ. ಅದಕ್ಕೆ ಯೂನಿರೋಮ್ ಎಂಬ ಸಣ್ಣ ತಂತ್ರಾಂಶ ಪ್ಲೇಸ್ಟೇಷನ್ನಿನಲ್ಲಿ ಓಡಬೇಕು. ಹಿಂಭಾಗದ ಸೀರಿಯಲ್ ಪೋರ್ಟಿನಿಂದ (ಒಂದೊಂದೇ ಬಿಟ್ ಕಳುಹಿಸುವ ಕಿಂಡಿ) ಕಂಪ್ಯೂಟರಿಗೆ ತಂತಿ ಬರಬೇಕು.

ಯೂನಿರೋಮನ್ನು ಸಿಡಿಯಲ್ಲಿ ಬರೆದು ಓಡಿಸಬಹುದಿತ್ತು, ಲೇಸರ್ ಇದ್ದಿದ್ದರೆ. ಇಲ್ಲದ್ದರಿಂದ ಫ್ರೀಪಿಎಸ್‌ಎಕ್ಸ್‌ಬೂಟ್ ಎಂಬ ಉಪಾಯ ಹಿಡಿದೆ. ಮೆಮೊರಿ ಕಾರ್ಡಿನ ಆರಂಭದಲ್ಲಿ ಯಾವ ಬ್ಲಾಕಿನಲ್ಲಿ ಏನಿದೆ ಎಂಬ ಪಟ್ಟಿ ಇರುತ್ತದೆ. ಬಯೋಸಿನ ಕಾರ್ಡ್ ಪುಟ ಆ ಪಟ್ಟಿಯನ್ನು ಅನುಮಾನಿಸದೆ ಓದುತ್ತದೆ. ಪಟ್ಟಿಯಲ್ಲಿ ಬೇಕೆಂದೇ ತಪ್ಪು ಅಂಕಿಗಳನ್ನು ಹಾಕಿದರೆ ಅದು ದಾರಿ ತಪ್ಪಿ ಕಾರ್ಡಿನೊಳಗೆ ಬರೆದಿಟ್ಟ ನಮ್ಮ ಸಂಹಿತೆಯನ್ನು, ಇಲ್ಲಿ ಯೂನಿರೋಮನ್ನು, ಓಡಿಸತೊಡಗುತ್ತದೆ. ಕಾರ್ಡಿಗೆ ಬರೆಯುವ ಸಿದ್ಧ ಕಡತ (ಇಮೇಜ್) ಯಂತ್ರದ ಮಾದರಿಗೂ ಸ್ಲಾಟಿಗೂ ಹೊಂದಬೇಕು.

ಸಮಸ್ಯೆ ಏನೆಂದರೆ ನನ್ನಲ್ಲಿದ್ದದ್ದು ಒಂದೇ ಕಾರ್ಡ್. ಮಾವನ ಶುಕ್ರವಾರಗಳ ಕಾರ್ಡ್. ಕಾಸರಗೋಡಿನ ಹೊಸ ಬಸ್ ನಿಲ್ದಾಣದ ಆಸುಪಾಸಿನ ಮೊಬೈಲ್ ಅಂಗಡಿಗಳಲ್ಲಿ ಕೇಳಿದೆ. ಮೆಮೊರಿ ಕಾರ್ಡ್ ಎಂದ ಕೂಡಲೇ ಎಲ್ಲರೂ ಉಗುರಿನಷ್ಟು ದೊಡ್ಡದನ್ನು ತೆಗೆದು ಮುಂದಿಟ್ಟರು. ಹಾಗಾದರೆ ಕ್ರಮ ಹೀಗಾಗಬೇಕಿತ್ತು: ಕಾರ್ಡನ್ನು ಓದಿ ಪ್ರತಿ ಇಡುವುದು, ಪ್ರತಿ ಸರಿಯಿದೆಯೇ ನೋಡುವುದು, ಅದರ ಮೇಲೆ ಫ್ರೀಪಿಎಸ್‌ಎಕ್ಸ್‌ಬೂಟ್ ಬರೆಯುವುದು, ಬಯೋಸ್ ತೆಗೆಯುವುದು, ಕೊನೆಗೆ ಹಳೆಯದನ್ನು ಕಾರ್ಡಿಗೆ ಮರಳಿ ಬರೆಯುವುದು. ನಡುವೆ ಎಲ್ಲಾದರೂ ಎಡವಿದರೆ ಮಾವನಿಗೆ ಮುಖ ತೋರಿಸುವ ಹಾಗಿಲ್ಲ.

ಓದುವುದಕ್ಕೆ ಮೆಮ್‌ಕಾರ್ಡುಯಿನೋ: ನಾವೇ ಪ್ರೋಗ್ರಾಮ್ ಮಾಡಬಹುದಾದ ಆರ್ಡುಯಿನೋ ಎಂಬ ಸಣ್ಣ ಬೋರ್ಡನ್ನು ಕಾರ್ಡ್ ಓದುವ ಯಂತ್ರವಾಗಿ ಮಾಡುವ ತಂತ್ರಾಂಶ. ನನ್ನಲ್ಲಿ ಅಗ್ಗದ ಆರ್ಡುಯಿನೋ ಯೂನೋ ನಕಲು ಒಂದಿತ್ತು. ಕಾರ್ಡನ್ನು ತೂರಿಸಲು ಸ್ಲಾಟ್ ಬೇಕಲ್ಲ? ಬದಿಯಡ್ಕ ಪೇಟೆಯ ಟಿವಿ ರಿಪೇರಿಯವರ ಗುಜರಿ ಪೆಟ್ಟಿಗೆಯಲ್ಲಿ ಸತ್ತ ಪ್ಲೇಸ್ಟೇಷನ್ನಿನ ಮುಂಭಾಗ ಸಿಕ್ಕಿತು. ಈ ಕಡೆ ಗಲ್ಫಿಗೆ ಹೋದವರಿಲ್ಲದ ಊರಿಲ್ಲ. ಅಲ್ಲಿಂದ ಹೊತ್ತು ತಂದು ಇಲ್ಲಿ ಸತ್ತ ಯಂತ್ರಗಳು ಆ ಪೆಟ್ಟಿಗೆಯಲ್ಲಿ ಮೂರು ತಲೆಮಾರಿನವು ಇವೆ. ಅವರು ದುಡ್ಡು ತೆಗೆದುಕೊಳ್ಳಲಿಲ್ಲ. "ನಡೆದರೆ ಬಂದು ತೋರಿಸಿ" ಎಂದರು, ಮಲಯಾಳದಲ್ಲಿ ಆರಂಭಿಸಿ ತುಳುವಿನಲ್ಲಿ ಮುಗಿಸಿದ ವಾಕ್ಯವೊಂದರಲ್ಲಿ.

ತಂತಿ ಏಳು. ದತ್ತಾಂಶ, ಆಜ್ಞೆ, ಕ್ಲಾಕ್, ಆಯ್ಕೆ, ಸ್ವೀಕೃತಿ ಐದು. ಜೊತೆಗೆ ಗ್ರೌಂಡ್ ಮತ್ತು ವಿದ್ಯುತ್. ವಿದ್ಯುತ್ತನ್ನು ಆರ್ಡುಯಿನೋದ 3.3 ವೋಲ್ಟಿನ ಪಿನ್ನಿನಿಂದ ಕೊಡಬೇಕು. ಪಕ್ಕದಲ್ಲೇ 5 ವೋಲ್ಟಿನದು ಇದೆ. ಅಲ್ಲಿಗೆ ಕೈ ಹೋಗದಂತೆ ನಾನು ಟೇಪ್ ಅಂಟಿಸಿದೆ.

ಲ್ಯಾಪ್‌ಟಾಪಿಗೆ ಸಿಕ್ಕಿಸಿದರೆ ಆರ್ಡುಯಿನೋ ಕಾಣಿಸಿ ಎರಡೇ ಕ್ಷಣದಲ್ಲಿ ಮಾಯ. ಕೇಬಲ್ ಬದಲಿಸಿದೆ, ಪೋರ್ಟ್ ಬದಲಿಸಿದೆ. ಕರ್ನೆಲ್ ಸಂದೇಶಗಳನ್ನು ಓದಿದಾಗ ಕಳ್ಳ ಸಿಕ್ಕ: ಬಿಆರ್‌ಎಲ್‌ಟಿಟಿವೈ ಎಂಬ ಸೇವೆ. ದೃಷ್ಟಿಹೀನರು ಬಳಸುವ ಬ್ರೈಲ್ ಫಲಕಗಳಿಗಾಗಿ ಇರುವಂಥದ್ದು. ಅಗ್ಗದ ಆರ್ಡುಯಿನೋಗಳಲ್ಲಿರುವ ಸಿಎಚ್340 ಚಿಪ್ಪನ್ನು ಕಂಡರೆ ಉಬುಂಟು 22.04ರಲ್ಲಿ ಅದು ಬ್ರೈಲ್ ಫಲಕವೇ ಬಂತೆಂದು ಬಾಚಿಕೊಳ್ಳುತ್ತದೆ. ನನಗೆ ಅದರ ಅಗತ್ಯವಿಲ್ಲದ್ದರಿಂದ ತೆಗೆದುಹಾಕಿದೆ. ಜೊತೆಗೆ ನನ್ನ ಬಳಕೆದಾರ ಹೆಸರನ್ನು ಡಯಲ್‌ಔಟ್ ಗುಂಪಿಗೆ ಸೇರಿಸಿ, ಒಮ್ಮೆ ಲಾಗೌಟ್ ಆಗಿ ಬಂದೆ. ಇಲ್ಲದಿದ್ದರೆ ಸೀರಿಯಲ್ ಪೋರ್ಟ್ ತೆರೆಯಲು ಅನುಮತಿ ಸಿಗುವುದಿಲ್ಲ.

ಕಾರ್ಡ್ ಓದಿತು. ಪೂರ್ತಿ 1,31,072 ಬೈಟ್, ಅಂದರೆ 128 ಕೆಬಿ. 8 ಕೆಬಿಯ 16 ಬ್ಲಾಕುಗಳಲ್ಲಿ ಒಂದು ಪಟ್ಟಿಗೆ, ಉಳಿದ 15 ಆಟಗಾರನಿಗೆ. ಮಾವ 11 ತುಂಬಿಸಿದ್ದರು. ಮೂರು ಸಲ ಓದಿದೆ. ಮೊದಲ ಎರಡರ ಎಂಡಿ5 ಹೊಂದಿತು, ಮೂರನೆಯದು ಹೊಂದಲಿಲ್ಲ. ಎದೆ ಧಸಕ್ಕೆಂದಿತು. ಗುಜರಿ ಸ್ಲಾಟಿನ ತಗಡುಗಳ ಮೇಲೆ ಹಸಿರು ಕಿಲುಬು ಇತ್ತು. ಕರಾವಳಿಯ ತೇವಕ್ಕೆ ಯಾವ ಲೋಹವೂ ಸುಮ್ಮನಿರುವುದಿಲ್ಲ. ರಬ್ಬರಿನಿಂದ ಉಜ್ಜಿ, ಐಸೊಪ್ರೊಪೈಲ್ ಆಲ್ಕೋಹಾಲಿನಲ್ಲಿ ಒರೆಸಿ ಮತ್ತೆ ಐದು ಸಲ ಓದಿದೆ. ಐದೂ ಮೊದಲ ಎರಡರಂತೆಯೇ. ಪ್ರತಿಯನ್ನು ಲ್ಯಾಪ್‌ಟಾಪಿನಲ್ಲಿ, ಪೆನ್‌ಡ್ರೈವಿನಲ್ಲಿ, ಫೋನಿನಲ್ಲಿ ಇಟ್ಟೆ, ಮಾವನಿಗೂ ವಾಟ್ಸಾಪಿನಲ್ಲಿ ಕಳುಹಿಸಿದೆ. "ಇದೇನು ತೆರೆಯುವುದೇ ಇಲ್ಲವಲ್ಲ" ಎಂದು ಉತ್ತರ ಬಂತು.

ಆಮೇಲೆ ಎಸ್‌ಸಿಪಿಎಚ್-7502ಕ್ಕೆ, ಮೊದಲ ಸ್ಲಾಟಿಗೆ ಹೊಂದುವ ಇಮೇಜನ್ನು ಕಾರ್ಡಿಗೆ ಬರೆದೆ. ಮೆಮ್‌ಕಾರ್ಡ್‌ರೆಕ್ಸ್ ಎಂಬ ತಂತ್ರಾಂಶ ಬಳಸುವವರು ಕೆಟ್ಟ ಕಾರ್ಡುಗಳನ್ನು ರಿಪೇರಿ ಮಾಡುವ ಆಯ್ಕೆಯನ್ನು ಮೊದಲು ಆಫ್ ಮಾಡಬೇಕು. ಅದು ನಮ್ಮ ಬೇಕೆಂದೇ ಮಾಡಿದ ತಪ್ಪನ್ನು ಕಂಡು, ಪಾಪ, ತಿದ್ದಿ ಕೊಡುತ್ತದೆ.

ಮೂರು ತಂತಿ

ಸೀರಿಯಲ್ ಪೋರ್ಟಿಗೆ ಸಿಕ್ಕಿಸುವ ಲಿಂಕ್ ಕೇಬಲ್ ನನ್ನಲ್ಲಿ ಇರಲಿಲ್ಲ. ಆದ್ದರಿಂದ ಯಂತ್ರ ಬಿಚ್ಚಿ ಪೋರ್ಟಿನ ಕಾಲುಗಳಿಗೇ ಸಪೂರ ತಂತಿ ಬೆಸೆದೆ. ಬಿಚ್ಚುವವರಿಗೆ ಒಂದು ಎಚ್ಚರಿಕೆ: ಪ್ಲೇಸ್ಟೇಷನ್ನಿನ ಪವರ್ ಸಪ್ಲೈ ಹೊರಗಿನ ಅಡಾಪ್ಟರಿನಲ್ಲಿಲ್ಲ, ಒಳಗೇ ಇದೆ. 230 ವೋಲ್ಟ್ ನೇರ ಆ ಸಣ್ಣ ಬೋರ್ಡಿಗೆ ಬರುತ್ತದೆ. ಪ್ಲಗ್ ಕಿತ್ತ ಮೇಲೂ ದೊಡ್ಡ ಕೆಪಾಸಿಟರಿನಲ್ಲಿ ಸ್ವಲ್ಪ ಹೊತ್ತು ಕರೆಂಟು ಉಳಿಯುತ್ತದೆ. ಮಳೆಗಾಲದ ಒದ್ದೆ ನೆಲದಲ್ಲಿ ಬರಿಗಾಲಲ್ಲಿ ನಿಂತು ಮಾಡುವ ಕೆಲಸ ಇದಲ್ಲ. ತಂತಿ ಬೆಸೆದು, ಹಿಂದಿನ ಸಂದಿಯಿಂದ ಹೊರಗೆಳೆದು, ಮುಚ್ಚಳ ಮುಚ್ಚಿದ ಮೇಲೆಯೇ ಪ್ಲಗ್ ಹಾಕಿದೆ.

ಪೋರ್ಟಿನಲ್ಲಿ ಎಂಟು ಪಿನ್. 1 ಸ್ವೀಕರಿಸುವುದು, 4 ಕಳುಹಿಸುವುದು, 7 ಗ್ರೌಂಡ್. ಈ ಮೂರು ಸಾಕು. ವಿದ್ಯುತ್ತಿನ 2ನೆಯ ಪಿನ್ನನ್ನು ಮುಟ್ಟಲೇಬಾರದು. ಇತ್ತ ಕಂಪ್ಯೂಟರಿನ ಕಡೆ ಯುಎಸ್‌ಬಿಯಿಂದ ಸೀರಿಯಲಿಗೆ ಬದಲಿಸುವ ಬೆರಳಿನಷ್ಟು ಉದ್ದದ ಬೋರ್ಡ್. ಅದರಲ್ಲಿ 3.3 ಮತ್ತು 5 ವೋಲ್ಟಿನ ನಡುವೆ ಆರಿಸುವ ಒಂದು ಜಂಪರ್ ಇದೆ. ಪೆಟ್ಟಿಗೆಯಿಂದ ತೆಗೆದಾಗ 5ರಲ್ಲಿ ಇತ್ತು. ಮಲ್ಟಿಮೀಟರ್ ಹಿಡಿದು ನೋಡದೆ ಸಿಕ್ಕಿಸಿದ್ದರೆ 3.3ರ ಸುಮಾರಿನಲ್ಲಿ ಬದುಕುವ ಚಿಪ್ಪಿನ ಕಥೆ ಅಲ್ಲಿಗೇ ಮುಗಿಯುವ ಅಪಾಯವಿತ್ತು.

ಒಂದರ ಬಾಯಿ ಇನ್ನೊಂದರ ಕಿವಿಗೆ ಹೋಗಬೇಕು ಎಂಬುದು ಸೀರಿಯಲ್ ತಂತಿಯ ಮೊದಲ ಪಾಠ. ಗೊತ್ತಿದ್ದೂ ಬಾಯಿಯನ್ನು ಬಾಯಿಗೇ ಜೋಡಿಸಿದೆ. ಮೊದಲ ಸಲಕ್ಕೇ ಸರಿಯಾಗಿ ಜೋಡಿಸಿದ ಒಬ್ಬನನ್ನೂ ನಾನು ಕಂಡಿಲ್ಲ.

ಡಿಸ್ಕ್ ಇಲ್ಲದೆ ಯಂತ್ರ ಆನ್ ಮಾಡಿ, ಕಾರ್ಡನ್ನು ಮೊದಲ ಸ್ಲಾಟಿಗೆ ಹಾಕಿ, ಮೆಮೊರಿ ಕಾರ್ಡ್ ಪುಟವನ್ನು ಆರಿಸಿದೆ. ಪರದೆ ತಡವರಿಸಿತು. ಕೆಟ್ಟಿತೇ ಎಂದು ಸ್ವಿಚ್ಚಿಗೆ ಕೈ ಹೋಗುವಷ್ಟರಲ್ಲಿ ಯೂನಿರೋಮಿನ ಪುಟ ಬಂತು. ಮಗಳು ಬಾಗಿಲಲ್ಲಿ ನಿಂತಿದ್ದಳು. "ಆಟ ಬಂತಾ ಅಪ್ಪ?" ಎಂದಳು. ಬಂದಿಲ್ಲ ಎಂದೆ. "ಮತ್ತೆ ನೀವು ಯಾಕೆ ನಗುವುದು?"

ಲ್ಯಾಪ್‌ಟಾಪಿನಲ್ಲಿ ನಾಪ್ಸ್ ಎಂಬ ಜೊತೆಗಾರ ತಂತ್ರಾಂಶ. ಲಿನಕ್ಸಿನಲ್ಲಿ ಅದನ್ನು ಓಡಿಸಲು ಮೋನೋ ಎಂಬ ಇನ್ನೊಂದು ತಂತ್ರಾಂಶ ಬೇಕು. ನಾಪ್ಸಿಗೆ ಡಂಪ್ ಎಂಬ ಆಜ್ಞೆ, ಎಲ್ಲಿಂದ, ಎಷ್ಟು ಎಂದು ಹೇಳಬೇಕು. ಎಲ್ಲಿಂದ ಎಂದರೆ ಬಿ, ಎಫ್, ಸಿ ಆದ ಮೇಲೆ ಐದು ಸೊನ್ನೆ. ಪ್ರೊಸೆಸರ್ ಎಚ್ಚರವಾದ ಕೂಡಲೇ ಕಣ್ಣು ಬಿಡುವ ವಿಳಾಸ ಅದು. ಎಷ್ಟು ಎಂದರೆ ಹದಿನಾರರ ಲೆಕ್ಕದಲ್ಲಿ 80000, ನಮ್ಮ ಹತ್ತರ ಲೆಕ್ಕದಲ್ಲಿ 5,24,288. ಸೆಕೆಂಡಿಗೆ 1,15,200 ಬಿಟ್ ವೇಗದಲ್ಲಿ ಒಂದು ನಿಮಿಷವೂ ಬೇಡ.

ಆ ಒಂದು ನಿಮಿಷದಲ್ಲಿಯೇ ಕರೆಂಟು ಹೋಯಿತು. ಲ್ಯಾಪ್‌ಟಾಪಿಗೆ ಬ್ಯಾಟರಿ ಇದೆ, ಪ್ಲೇಸ್ಟೇಷನ್ನಿಗೆ ಇಲ್ಲ. ರಾತ್ರಿ ಹತ್ತರ ಮೇಲೆ ಬಂತು. ಅಷ್ಟರಲ್ಲಿ ಊಟ ಮುಗಿಸಿ, ಜಗಲಿಯಲ್ಲಿ ಕುಳಿತು ಸೋಗೆ ಮಾಡಿನ ಕೊಟ್ಟಿಗೆಯಿಂದ ನೀರು ಸುರಿಯುವುದನ್ನು ನೋಡಿದ್ದಾಯಿತು.

ಎರಡನೆಯ ಯತ್ನ ಪೂರ್ತಿಯಾಯಿತು. ಮೂರನೆಯದನ್ನೂ ತೆಗೆದೆ, ಒಂದೇ ಪ್ರತಿಯನ್ನು ನಂಬುವ ಕಾಲ ನನಗೆ ಮುಗಿದಿತ್ತು. ಎರಡೂ ಗಾತ್ರದಲ್ಲಿ ಸರಿ, ಎರಡರ ಎಂಡಿ5 ಒಂದೇ: ಬಿ9ಡಿ9ಎ028ರಿಂದ ಆರಂಭ. ಸ್ಟ್ರಿಂಗ್ಸ್ ಆಜ್ಞೆ ಕೊಟ್ಟೆ. ಸಿಸ್ಟಮ್ ರೋಮ್ ವರ್ಷನ್ 4.1, 12/16/97, ಇ. ತಿಂಗಳನ್ನು ಮೊದಲು ಬರೆಯುವ ಕ್ರಮ ಅದು, ಅಂದರೆ 1997ರ ಡಿಸೆಂಬರ್ 16. 7502ರಲ್ಲಿ ಇರಬೇಕಾದದ್ದು ಇದೇ ಆವೃತ್ತಿ. 7002 ಮತ್ತು 9002 ಮಾದರಿಗಳಲ್ಲಿಯೂ ಇದೇ.

ಹೆಸರಿನ ಜಗಳ

ಈಗ ಬೀಟಲಿಗೆ ಇದನ್ನು ಕೊಡಬೇಕು. ಅದು ಕೇಳುವುದು 5502, ನನ್ನಲ್ಲಿರುವುದು 7502. ಹೆಸರು ಬದಲಿಸಿ ಇಟ್ಟರೆ ಓಡುತ್ತದೆ, ಓಡಿಸಿಯೂ ನೋಡಿದೆ. ಲಾಗಿನಲ್ಲಿ ಮಾತ್ರ ಚೆಕ್‌ಸಮ್ ಎಚ್ಚರಿಕೆ ಮತ್ತೆ ಬಂತು. ಅದು ಬೆದರುವ ಎಚ್ಚರಿಕೆಯಲ್ಲ, ಎರಡೂ ಯುರೋಪಿನವೇ. ಪಡಿತರ ಚೀಟಿಯಲ್ಲಿ ಒಂದು ಹೆಸರು, ಶಾಲೆಯ ದಾಖಲೆಯಲ್ಲಿ ಇನ್ನೊಂದು ಕಾಗುಣಿತ, ಬಸ್ಸಿನ ಬೋರ್ಡಿನಲ್ಲಿ ಊರಿಗೇ ಮೂರನೆಯ ಹೆಸರು ಎಂಬ ಹಾಗೆ ಬದುಕಿದ ನಮ್ಮ ಕಡೆಯವರಿಗೆ ಇದೇನೂ ಹೊಸತಲ್ಲ. ಆದರೂ ಮನಸ್ಸು ಒಪ್ಪಲಿಲ್ಲ. ಪೆನ್‌ಡ್ರೈವಿನ ಮೂಟೆ ಕಟ್ಟಿದವನೂ ಹೀಗೆಯೇ ಒಂದರ ಹೆಸರನ್ನು ಇನ್ನೊಂದಕ್ಕೆ ಇಟ್ಟು ಮರೆತಿದ್ದನಲ್ಲವೇ? ನಾಳೆ ನನ್ನ ಫೋಲ್ಡರ್ ಯಾರಿಗಾದರೂ ಹೋದರೆ ಅದೇ ಸುಳ್ಳು ಮುಂದುವರಿಯುತ್ತದೆ.

ಆದ್ದರಿಂದ ಡಕ್‌ಸ್ಟೇಷನ್ ಎಂಬ ಇನ್ನೊಂದು ಎಮ್ಯುಲೇಟರಿಗೆ ಬದಲಾದೆ. ಅದು ಹೆಸರು ನೋಡುವುದಿಲ್ಲ. ಬಯೋಸ್ ಫೋಲ್ಡರಿನಲ್ಲಿರುವ ಕಡತಗಳ ಒಡಲನ್ನು ಓದಿ, ಎಂಡಿ5 ಲೆಕ್ಕ ಹಾಕಿ, ಯಾವುದು ಎಂದು ತಾನೇ ಗುರುತಿಸುತ್ತದೆ. ನಾನು ಕಡತಕ್ಕೆ "ಮಾವ" ಎಂದು ಇಂಗ್ಲಿಷಿನಲ್ಲಿ ಹೆಸರಿಟ್ಟೆ. ಯುರೋಪಿನ ಸಾಲಿನಲ್ಲಿ 7502, 4.1 ಎಂದು ಸರಿಯಾಗಿ ತೋರಿಸಿತು. ಡಿಸ್ಕ್ ಇಲ್ಲದೆ ಬಯೋಸ್ ಮಾತ್ರ ಓಡಿಸುವ ಆಯ್ಕೆ ಒತ್ತಿದೆ. ಅದೇ ಬಿಳಿ ಪರದೆ, ಅದೇ ಸದ್ದು.

ಡಿಸ್ಕ್‌ಗಳದ್ದು ಹೆಚ್ಚು ಹೇಳುವಂಥದ್ದಲ್ಲ. ಡಿವಿಡಿ ಡ್ರೈವಿನಲ್ಲಿ ಸಿಡಿಆರ್‌ಡಿಎಒ ಎಂಬ ತಂತ್ರಾಂಶ ಬಳಸಿ ಕಚ್ಚಾ ರೂಪದಲ್ಲಿ ಓದಿದೆ. ಡಿಸ್ಕಿನ ದತ್ತಾಂಶವನ್ನು ಮಾತ್ರ ಹಿಡಿಯುವ ಐಎಸ್‌ಒ ಕಡತ ಮಾಡಿದರೆ ಸಾಲದು: ಕಾರ್ ಓಟದ ಡಿಸ್ಕಿನಲ್ಲಿ ಸಂಗೀತ ಸಾಮಾನ್ಯ ಆಡಿಯೋ ಸಿಡಿಯ ಹಾಗೆ ಬೇರೆ ಟ್ರ್ಯಾಕುಗಳಲ್ಲಿದೆ, ಐಎಸ್‌ಒದಲ್ಲಿ ಅದು ಬರುವುದಿಲ್ಲ. ಎಲ್ಲ ಟ್ರ್ಯಾಕುಗಳಿರುವ ಬಿನ್, ಅವುಗಳ ಪಟ್ಟಿಯಾದ ಕ್ಯೂ ಎಂಬ ಕಡತಗಳ ಜೋಡಿ ಬೇಕು. ಆಮೇಲೆ ಬೇಕಿದ್ದರೆ ಸಿಎಚ್‌ಡಿ ಎಂಬ ಚಿಕ್ಕ ಕಡತಕ್ಕೆ ಅದುಮಬಹುದು. ಫುಟ್‌ಬಾಲ್ ಡಿಸ್ಕಿನ ಅಂಚಿಗೆ ಬೂಷ್ಟು ಹತ್ತಿತ್ತು. ಸೋಪಿನ ನೀರಿನಲ್ಲಿ ನಡುವಿನಿಂದ ಹೊರಗೆ ಒರೆಸಿ ನಾಲ್ಕನೆಯ ಸಲಕ್ಕೆ ಓದಿತು. ಯುರೋಪಿನ ಕೆಲವು ಡಿಸ್ಕ್‌ಗಳಲ್ಲಿ ಲಿಬ್‌ಕ್ರಿಪ್ಟ್ ಎಂಬ ರಕ್ಷಣೆ ಇದೆ, ಅವಕ್ಕೆ ಎಸ್‌ಬಿಐ ಎಂಬ ಸಣ್ಣ ಜೊತೆ ಕಡತ ಬೇಕಾಗುತ್ತದೆ. ನನ್ನ ಎರಡಕ್ಕೂ ಬೇಕಾಗಲಿಲ್ಲ. ಪಾಲ್ ಆಟಗಳು ಸೆಕೆಂಡಿಗೆ 50 ಚಿತ್ರಗಳ ಲೆಕ್ಕದವು, ಲ್ಯಾಪ್‌ಟಾಪಿನ ಪರದೆ 60ರದು. ಕಾರು ತಿರುಗುವಾಗ ಸಣ್ಣ ನಡುಕ ಕಾಣುತ್ತದೆ. ನನಗೆ ಕಂಡಿತು, ಮಾವನಿಗೆ ಕಾಣಲಿಲ್ಲ.

ಮಾವ ಬಂದದ್ದು ಮಳೆ ಸ್ವಲ್ಪ ಕಡಿಮೆಯಾದ ಒಂದು ಭಾನುವಾರ. ಅಷ್ಟರಲ್ಲಿ ಕಾರ್ಡಿನ ಪ್ರತಿಯನ್ನು ಡಕ್‌ಸ್ಟೇಷನ್ನಿನ ಮೆಮೊರಿ ಕಾರ್ಡ್ ಫೋಲ್ಡರಿನಲ್ಲಿ, ಅದು ಬಯಸುವ ಹೆಸರಿಟ್ಟು ಸೇರಿಸಿದ್ದೆ. 128 ಕೆಬಿಯ ಕಚ್ಚಾ ಪ್ರತಿ ಹಾಗೆಯೇ ಸಾಕು, ಏನೂ ಬದಲಿಸಬೇಕಿಲ್ಲ. ಮಾವ ಕನ್ನಡಕ ಏರಿಸಿ ಗೇಮ್‌ಪ್ಯಾಡ್ ಹಿಡಿದರು. ಹನ್ನೊಂದು ಬ್ಲಾಕಿನ ಪಟ್ಟಿ ಬಂತು. ಕಾರ್ ಓಟದ ದಾಖಲೆಗಳ ಪುಟ ತೆರೆದು ಸ್ವಲ್ಪ ಹೊತ್ತು ಸುಮ್ಮನೆ ನೋಡಿದರು.

"ಮೊದಲನೆಯದು ನನ್ನದಲ್ಲ" ಎಂದರು. "ನನ್ನ ರೂಮಿನಲ್ಲಿದ್ದ ಕಣ್ಣೂರಿನವನದ್ದು. ಅವನನ್ನು ಸೋಲಿಸಲು ಆಗಲೇ ಇಲ್ಲ."

ಊಟಕ್ಕೆ ಕರೆದರೂ ಏಳಲಿಲ್ಲ. ಸಂಜೆ ಹೊರಡುವ ಹೊತ್ತಿಗೂ ಮೊದಲನೆಯದು ಕಣ್ಣೂರಿನವನದ್ದೇ ಇತ್ತು. ಹೊಸ ದಾಖಲೆ ಆಗದ್ದರಿಂದ ಒಂದು ಅನುಕೂಲವಾಯಿತು: ಯಾವ ಪ್ರತಿಯನ್ನು ಕಾರ್ಡಿಗೆ ಮರಳಿ ಬರೆಯಬೇಕು ಎಂಬ ಗೊಂದಲ ಉಳಿಯಲಿಲ್ಲ. ಹಳೆಯದನ್ನೇ ಬರೆದೆ, ಓದಿ ಹೋಲಿಸಿದೆ, ಎಂಡಿ5 ಹೊಂದಿತು, ಕಾರ್ಡನ್ನು ಮಾವನ ಜೇಬಿಗೆ ಹಾಕಿದೆ.

ಬೂದು ಪೆಟ್ಟಿಗೆ ನನ್ನ ಮೇಜಿನ ಮೇಲೆಯೇ ಇದೆ, ಹಿಂದಿನಿಂದ ಮೂರು ತಂತಿ ನೇತುಬಿಟ್ಟುಕೊಂಡು. ಹೊಸ ಲೇಸರ್ ಸಿಕ್ಕಿದ ದಿನ ಅವನ್ನು ಬಿಡಿಸುತ್ತೇನೆ. ಗುಜರಿಯವರಿಗೆ ಸ್ಲಾಟ್ ನಡೆದದ್ದನ್ನು ಹೋಗಿ ತೋರಿಸುವುದು ಬಾಕಿ ಇದೆ.